ಬಣ್ಣದಣ್ಣ ಊಟ ಮುಗಿಸಿ ಬರುವ ಮೊದಲು

ಕೈ ಎತ್ತಿದರೆ ಸಾಕು ಎಂದಿದ್ದರು ಅಧ್ಯಕ್ಷರು. ಆ ಕೈಯೋ, ತಣ್ಣಗಾಗಿ ನನ್ನ ಮಡಿಲಲ್ಲಿ ಬೆವರುತ್ತಾ ಕೂತಿತ್ತು.

ನಮ್ಮದು ನೇಕಾರರ ಸಹಕಾರ ಸಂಘ. ಆಡಳಿತ ಮಂಡಳಿಯಲ್ಲಿ ನಾನೊಬ್ಬಳೇ ಹೆಂಗಸು. ನೂಲಿಗೆ ಬಣ್ಣ ಹಾಕುವ ಬಣ್ಣದಣ್ಣನೂ ಮಂಡಳಿಯ ಸದಸ್ಯನೇ. ಅವತ್ತಿನ ಸಭೆ ಅವನನ್ನು ಮಂಡಳಿಯಿಂದ ತೆಗೆದುಹಾಕುವುದಕ್ಕೆ. ಅವನು ಬಣ್ಣ ಹಾಕಿದ ಕೆಂಪು ನೂಲು ಅಧ್ಯಕ್ಷರ ಮಗ್ಗದಲ್ಲಿ ಪಟ್ಟೆಪಟ್ಟೆಯಾಗಿ ಎದ್ದಿತ್ತು. ದೂರು ಕೊಟ್ಟವರು ಅಧ್ಯಕ್ಷರು, ವಿಚಾರಿಸುವವರೂ ಅವರೇ. ಬಣ್ಣದಣ್ಣನಿಗೆ ಊಟ ಮುಗಿಸಿಕೊಂಡು ಬಾ ಎಂದು ಹೇಳಿ, ನಮ್ಮನ್ನೆಲ್ಲ ಊಟಕ್ಕೆ ಮೊದಲೇ ಕರೆಸಿಕೊಂಡಿದ್ದರು. ಎಂಥ ಜಾಣತನ! ಅವನು ಕೈ ತೊಳೆದು ಬರುವಷ್ಟರಲ್ಲಿ ಎಲ್ಲ ಮುಗಿದಿರಬೇಕು.

ಕಿಟಕಿ ಮುಚ್ಚಿದ್ದರು. ಟ್ಯೂಬ್‌ಲೈಟ್ ಗುಂಯ್‌ಗುಡುತ್ತಿತ್ತು. ಮೇಜಿನ ಮೇಲೆ ಆ ನೂಲಿನಲ್ಲಿ ನೇಯ್ದ ಬಟ್ಟೆ ಬಿದ್ದಿತ್ತು.

"ಎಲ್ಲರೂ ನೋಡಿದ್ರಲ್ಲ, ಇನ್ನೇನು ಮಾತು? ಎತ್ತಿ ಕೈ," ಎಂದು ಅಧ್ಯಕ್ಷರು ತಮ್ಮ ಕೈ ಎತ್ತಿದರು.

ಇನ್ನೆರಡು ಕೈ ತಕ್ಷಣ ಎದ್ದವು. ಹಿರಿಯ ಸದಸ್ಯರಾದ ಕನ್ನಡಕದಜ್ಜ ಕನ್ನಡಕ ಒರೆಸುವ ನೆಪದಲ್ಲಿ ತಮ್ಮ ಎರಡೂ ಕೈಗೆ ಕೆಲಸ ಕೊಟ್ಟುಕೊಂಡರು. ಠರಾವು ಪಾಸಾಗಲು ಇನ್ನೊಂದು ಕೈ ಬೇಕಿತ್ತು. ಎಲ್ಲರೂ ನನ್ನ ಕಡೆ ತಿರುಗಿದರು.

"ಏನಮ್ಮಾ, ನಿಮ್ಮ ಯಜಮಾನ್ರಿಗೆ ಗೋದಾಮಿನ ಕಾವಲು ಕೆಲಸ ಕೊಟ್ಟಿದ್ದು ಯಾರು ಅಂತ ಮರೆತುಹೋಯ್ತಾ?" ಅಧ್ಯಕ್ಷರು ನಗುನಗುತ್ತಲೇ ಕೇಳಿದರು.

ಮರೆಯುವುದುಂಟೇ? ಸೊಂಟ ಮುರಿದುಕೊಂಡವರಿಗೆ ಕೂತು ಮಾಡುವ ಕೆಲಸ ಅಂತ ಸಿಕ್ಕಿದ್ದು ಅದೊಂದೇ. ನಾನೇನು ಧೈರ್ಯವಂತಳಲ್ಲ, ಜಿರಲೆ ಕಂಡರೂ ಕುರ್ಚಿ ಹತ್ತುವವಳು. ಎತ್ತಿಬಿಟ್ಟು ಮನೆಗೆ ಹೋಗೋಣ ಅಂದುಕೊಂಡೆ. ಕೈ ಅರ್ಧ ಎದ್ದೂ ಆಗಿತ್ತು.

ಆಗ ಕಣ್ಣು ಆ ಬಟ್ಟೆಯ ಮೇಲೆ ಬಿತ್ತು. ಬಣ್ಣದ ತಕರಾರು ಬಂದರೆ ನಮ್ಮಲ್ಲಿ ಯಾರೂ ದೀಪದ ಬೆಳಕಲ್ಲಿ ತೀರ್ಮಾನ ಮಾಡುವುದಿಲ್ಲ. ನೇಯ್ದವರು ಒಂದು ತುದಿ, ಬಣ್ಣ ಹಾಕಿದವರು ಇನ್ನೊಂದು ತುದಿ ಹಿಡಿದು ಬಿಸಿಲಿಗೆ ಒಯ್ಯಬೇಕು. ಇಬ್ಬರೂ ನೋಡಿದ ಮೇಲೆಯೇ ಮಾತು. ಒಂದು ಹಿಡಿ ನೂಲಿಗೆ ಕೊಡುವ ಮರ್ಯಾದೆಯನ್ನು ಮನುಷ್ಯನಿಗೆ ಕೊಡುತ್ತಿಲ್ಲವಲ್ಲ ಎಂದು ಮೈ ಉರಿಯಿತು.

"ಬಿಸಿಲಲ್ಲಿ ನೋಡ್ಬೇಕಲ್ವಾ?" ಅಂದೆ. ಧ್ವನಿ ನನ್ನದೇ ಅನ್ನಿಸಲಿಲ್ಲ. "ಅವ್ನೂ ಒಂದು ತುದಿ ಹಿಡೀಬೇಕು. ಬರ್ಲಿ."

"ಬಟ್ಟೆ ನಂದು. ನಂಗೆ ಗೊತ್ತಿಲ್ವಾ?"

"ನಿಮ್ದೇ ಅಂತಾನೇ ನೀವು ಕೈ ಎತ್ತೋ ಹಾಗಿಲ್ಲ, ಅಧ್ಯಕ್ಷರೇ."

ಕನ್ನಡಕದಜ್ಜ ಕನ್ನಡಕ ಏರಿಸಿಕೊಂಡು, "ಅದೂ ಸರೀನೇ. ಕಾಯೋಣ," ಎಂದರು.

ಬಣ್ಣದಣ್ಣ ಬಂದ. ಆಗಲೇ ಸೇರಿದ್ದ ನಮ್ಮನ್ನು ಕಂಡು ಅವನ ಮುಖ ಬಿಳಿಚಿಕೊಂಡಿತು. ದೂರು ಏನೆಂದು ಅಜ್ಜ ಹೇಳಿದರು. ಅವನು ಬಟ್ಟೆಯ ಒಂದು ತುದಿ ಹಿಡಿದು ಅಂಗಳಕ್ಕೆ ನಡೆದ. ಇನ್ನೊಂದು ತುದಿಯನ್ನು ಅಧ್ಯಕ್ಷರು ಹಿಡಿಯಲೇಬೇಕಾಯಿತು. ನಾವೆಲ್ಲ ಹಿಂದೆ ಹೋದೆವು. ತಪ್ಪಿಲ್ಲ ಅನ್ನಲಿ ದೇವರೇ ಎಂದು ನಾನು ಬೇಡಿಕೊಳ್ಳುತ್ತಿದ್ದೆ.

"ತಪ್ಪು ನಂದೇ," ಬಿಸಿಲಲ್ಲಿ ಬಟ್ಟೆ ನೋಡಿ ಬಣ್ಣದಣ್ಣ ಎಂದ. "ಅವತ್ತು ಮಗಳಿಗೆ ಆಪರೇಷನ್. ಬಣ್ಣ ಸರಿಯಾಗಿ ಹಿಡಿಯೋ ಮೊದ್ಲೇ ನೂಲು ಎತ್ತಿಟ್ಟು ಆಸ್ಪತ್ರೆಗೆ ಓಡ್ದೆ. ಹೇಳೋಕೆ ಹೆದರಿಕೆ ಆಯ್ತು. ಅಷ್ಟೇ ಹೊಸ ನೂಲಿಗೆ ಬಣ್ಣ ಹಾಕಿ ಕೊಡ್ತೀನಿ."



"ಕೇಳಿದ್ರಾ? ಈಗ ಎತ್ತಿ ಕೈ," ಎಂದರು ಅಧ್ಯಕ್ಷರು.

ಬಣ್ಣದಣ್ಣ ಅಲ್ಲೇ ನಿಂತು ಒಬ್ಬೊಬ್ಬರ ಮುಖವನ್ನೂ ನೋಡಿದ. ಆಗ ಅಧ್ಯಕ್ಷರ ಜೊತೆ ಎದ್ದಿದ್ದ ಎರಡು ಕೈಗಳು ಈಗ ಏಳಲಿಲ್ಲ. ಒಂದು ತಲೆ ಕೆರೆಯಿತು, ಇನ್ನೊಂದು ಜೇಬಿಗಿಳಿಯಿತು. ಠರಾವು ಬಿದ್ದುಹೋಯಿತು.

ಎಲ್ಲರೂ ಹೊರಟ ಮೇಲೆ ಅಧ್ಯಕ್ಷರು ನನ್ನ ಹತ್ತಿರ ಬಂದು ಮೆಲ್ಲಗೆ, "ನಿಮ್ಮ ಯಜಮಾನ್ರು ನಾಳೆಯಿಂದ ಬರೋದು ಬೇಡ," ಎಂದರು.

ನೇರ ಗೋದಾಮಿಗೆ ನಡೆದೆ. ನನ್ನವರು ಬಾಗಿಲ ಬಳಿ ಸೊಂಟಕ್ಕೆ ದಿಂಬು ಕೊಟ್ಟುಕೊಂಡು ಕೂತಿದ್ದರು. ನಡೆದದ್ದನ್ನೆಲ್ಲ ಹೇಳಿದೆ. ಬಣ್ಣದಣ್ಣ ಉಳಿದುಕೊಂಡ ಎಂದಾಗ ಅವರು ತಲೆಯಾಡಿಸಿದರು.

"ಒಳ್ಳೇದೇ ಮಾಡ್ದೆ," ಎಂದರು. ಸೊಂಟದ ದಿಂಬು ಸರಿಮಾಡಿಕೊಳ್ಳುತ್ತಾ ಕೇಳಿದರು, "ಹೋಗಿದ್ದು ನನ್ನ ಕೆಲಸ ಅಲ್ವಾ? ನನ್ನನ್ನೊಂದು ಮಾತು ಕೇಳ್ಬೇಕು ಅಂತ ನಿಂಗೆ ಅನ್ನಿಸ್ಲಿಲ್ವಾ?"