ತಾಯವ್ವ ನೋಡಿದ ಏಳು ನಿಮಿಷದ ಸಿನಿಮಾ

ಮಗ್ಗದ ಮನೆಯಲ್ಲಿ ಮೆಲ್ಲಗೆ ಮಾತಾಡಿದರೆ ಯಾರಿಗೂ ಕೇಳುವುದಿಲ್ಲ. ಇಳಕಲ್ಲಿನ ತಾಯವ್ವನಿಗೂ ಕೂಗಿಯೇ ಮಾತಾಡುವ ರೂಢಿ. ಎರಡು ವರ್ಷದಿಂದ ಮಗಳು ಶಿವಗಂಗಾಳನ್ನು ಕೂಗಿ ಕೂಗಿ ಅವಳ ಗಂಟಲು ಸೋತಿತ್ತು. ಇಪ್ಪತ್ತೆರಡರ ಹುಡುಗಿ ನೇಯುವುದನ್ನು ಬಿಟ್ಟು ಮೂಲೆ ಹಿಡಿದಿದ್ದಾಳೆ. ಕಣ್ಣಿಗೆ ಕಾಣದ ಯಾರೊಂದಿಗೋ ಮಾತಾಡುತ್ತಾಳೆ. ಕರೆದರೆ ಓಗೊಡುವುದಿಲ್ಲ, ಇನ್ನಷ್ಟು ಕೂಗಿದರೆ ಕಿವಿ ಮುಚ್ಚಿಕೊಳ್ಳುತ್ತಾಳೆ. ದೆವ್ವ ಬಿಡಿಸುವವನೊಬ್ಬ, "ನಲವತ್ತು ದಿನ ನನ್ನ ಹಂತೇಕ ಬಿಡ್ರಿ, ಕಟ್ಟಿ ಹಾಕಿ ಬಿಡಿಸ್ತೇನಿ" ಎಂದಿದ್ದ. ಶುಕ್ರವಾರ ಕರೆದೊಯ್ಯುತ್ತೇನೆಂದು ತಾಯವ್ವ ಒಪ್ಪಿದ್ದಳು. ಪಾಪ, ಮುಳುಗುವವರಿಗೆ ಹುಲ್ಲುಕಡ್ಡಿಯೇ ಆಸರೆ.

ಗುರುವಾರ ಸ್ವಸಹಾಯ ಸಂಘದ ಸಭೆಗೆ ಬಳೆ ಅಂಗಡಿಯ ಆಫ್ರೀನ ಬಂದಳು. ತಾನೇ ಮೊಬೈಲಿನಲ್ಲಿ ಮಾಡಿದ ಏಳು ನಿಮಿಷದ ಸಿನಿಮಾ ತೋರಿಸಿದಳು.

"ಇದರಾಗ ಕಥಿ ಇಲ್ರಿ. ಒಬ್ಬಾಕಿ ತಾಯಿ ಇದ್ದಾಳ. ಆಕಿ ಏನ್ ಅಂತಾಳ, ಅಷ್ಟ ಕೇಳ್ರಿ," ಎಂದಳು.

ತೆರೆಯ ಮೇಲೆ ತಾಯಿಯ ತುಟಿ ಅಲ್ಲಾಡಿತು. ಅಷ್ಟರಲ್ಲಿ ಒಂದು ದನಿ ಬೈಯಿತು, ಇನ್ನೊಂದು ನಕ್ಕಿತು, ಮತ್ತೊಂದು "ಅನ್ನದಾಗ ವಿಷಾ ಹಾಕ್ಯಾಳ" ಎಂದು ಪಿಸುಗುಟ್ಟಿತು. ಗೋಡೆಗಳು ಹತ್ತಿರ ಬಂದವು. ತಾಯಿಯ ಮುಖ ಚೂರುಚೂರಾಯಿತು. ಮುಗಿಯುವ ಹೊತ್ತಿಗೆ ತಾಯವ್ವ ಬೆವೆತಿದ್ದಳು.

"ಆ ತಾಯಿ ಏನಂದ್ಲವಾ? ನನಗೇನೂ ಕೇಳಲಿಲ್ಲ."

"'ಉಣ್ಣು ಬಾ' ಅಂದ್ಲ್ರಿ ಕಾಕು. ನಮ್ಮಮ್ಮನೂ ದಿನಾ ಹಂಗ ಅಂತಿದ್ಲು. ನನಗೂ ಕೇಳತಿರಲಿಲ್ಲ."

"ನಿನಗ? ಮತ್ತ ದೆವ್ವ ಬಿಡಿಸಿದವ್ರು ಯಾರವಾ?"

"ದೆವ್ವ ಅಲ್ರಿ, ಬ್ಯಾನಿ. ಸ್ಕಿಜೋಫ್ರೇನಿಯಾ ಅಂತಾರ. ಬಾಗಲಕೋಟಿ ಜಿಲ್ಲಾ ದವಾಖಾನ್ಯಾಗ ಗುಳಿಗಿ ಕೊಟ್ರು. ಐದು ವರ್ಷಾತು. ಈಗೂ ಒಮ್ಮೊಮ್ಮೆ ದನಿ ಬರ್ತಾವು. ಆದ್ರ ಅಮ್ಮ ಅಂದದ್ದೂ ಕೇಳಸ್ತೈತಿ."

ತಾಯವ್ವ ಮನೆಗೆ ಬಂದು ಮಗಳ ಪಕ್ಕ ನೆಲಕ್ಕೆ ಕೂತಳು. ಕೂಗದೆ, ಮೆಲ್ಲಗೆ ಕೇಳಿದಳು: "ದನಿ ಕೇಳಸ್ತಾವೇನವಾ?"

ಶಿವಗಂಗಾ ತಲೆಯೆತ್ತಿದಳು. "ಅವ್ವಾ, ನಿನಗೂ ಕೇಳಸ್ತಾವ?"

"ನನಗ ಕೇಳಸೂದಿಲ್ಲ. ನಿನಗ ಕೇಳಸ್ತಾವ ಅನ್ನೂದು ಖರೆ. ನಾಳೆ ದವಾಖಾನಿಗೆ ಹೋಗೂಣು. ನಾ ಜೋಡಿ ಇರ್ತೇನಿ."

ಶುಕ್ರವಾರ ಮುಂಜಾನೆ ಇಬ್ಬರೂ ಬಾಗಲಕೋಟೆ ಬಸ್ಸು ಹತ್ತಿದರು.

ತಾಯಂದಿರೇ, ಅಣ್ಣತಮ್ಮಂದಿರೇ, ನಿಮ್ಮ ಮನೆಯಲ್ಲೂ ಇಂಥವರಿದ್ದರೆ ಕಟ್ಟಿಹಾಕಬೇಡಿ, ಹಂಗಿಸಬೇಡಿ. ಸರಕಾರಿ ಆಸ್ಪತ್ರೆಗೆ ಕರೆದೊಯ್ಯಿರಿ. ವೈದ್ಯರನ್ನು ಕೇಳದೆ ಗುಳಿಗೆ ನಿಲ್ಲಿಸಬೇಡಿ. ದಾರಿ ತೋಚದಿದ್ದರೆ ಟೆಲಿ ಮನಸ್ ಸಹಾಯವಾಣಿ 14416ಕ್ಕೆ ಯಾವ ಹೊತ್ತಿನಲ್ಲಾದರೂ ಕರೆ ಮಾಡಿ, ಖರ್ಚಿಲ್ಲ. ನೀವು ದಣಿದಿದ್ದೀರಿ, ನಮಗೆ ಗೊತ್ತು. ಆದರೆ ಅವರು ನಿಮಗಿಂತ ಹೆಚ್ಚು ದಣಿದಿದ್ದಾರೆ.