ನೀರಲ್ಲಿಟ್ಟ ತೋಫು

ಸುದ್ದಿ ಬಂದಾಗ ಶಿವಗಂಗಮ್ಮ ಹಿತ್ತಿಲ ಕೊಬ್ಬರಿ ಕೊಟ್ಟಿಗೆಯಲ್ಲಿ ಕೂತು, ಸೋಯಾ ಹಾಲು ಒಡೆಸಿ ಮಾಡಿದ ತೋಫುವಿನ ನೀರು ಬದಲಿಸುತ್ತಿದ್ದರು. "ಅಜ್ಜೀ, ನಾನು ಬರೋವರೆಗೂ ನೀರು ಬದಲಿಸ್ತಿರು, ಇಲ್ಲಾಂದ್ರೆ ಹುಳಿ ಬರುತ್ತೆ" ಎಂದು ಹೇಳಿಯೇ ಮೊಮ್ಮಗಳು ಮಧುಶ್ರೀ ಹೊರಟಿದ್ದಳು. ಬಾಗಿಲಲ್ಲಿ ಮಗ ಚನ್ನೇಶ್ ಫೋನು ಹಿಡಿದು ನಿಂತಿದ್ದ.

"ಅವ್ವಾ, ಹಳೇಬೀಡು ಕೆರೆ ತಿರುವಲ್ಲಿ ಸ್ಕೂಟರಿಗೆ ಲಾರಿ... ನಮ್ ಮಧು ಹೋಗ್ಬಿಟ್ಳು ಕಣವ್ವಾ."

ಶಿವಗಂಗಮ್ಮ ಹಳೆಯ ನೀರು ಚೆಲ್ಲಿ ಹೊಸ ನೀರು ಹೊಯ್ದರು. ಬಟ್ಟಲು ತುಂಬಿ ಸೀರೆಯ ಮೇಲೆ ಹರಿದರೂ ತಂಬಿಗೆ ಬಾಗಿಸಿಯೇ ಇದ್ದರು.

ಮಧು ಬೇಲೂರಿಗೆ ಹೋಗಿದ್ದು ಗೆಳತಿ ನಯನಾಳ ಮನೆಯಿಂದ ಹಂದಿ ಮಾಂಸ ತರಲು. ಅರಸೀಕೆರೆಯ ಇವರ ಮನೆ ಶಿವಭಕ್ತರದು, ಅಲ್ಲಿ ಮಾಂಸದ ಹೆಸರೆತ್ತುವಂತಿರಲಿಲ್ಲ. ಕೊರಿಯಾದ ಧಾರಾವಾಹಿ ನೋಡಿ ಹುಳಿ ಕೋಸು, ತೋಫು, ಮಾಂಸ ಹಾಕುವ ಅಲ್ಲಿನ ಖಾರದ ಸಾರಿಗೆ ಮನಸೋತ ಹುಡುಗಿ, ಹಠ ಹಿಡಿದು ಹಿತ್ತಿಲ ಕೊಟ್ಟಿಗೆಯಲ್ಲಿ ಬೇರೆ ಗ್ಯಾಸ್ ಒಲೆ, ಬೇರೆ ಪಾತ್ರೆ ಇಟ್ಟುಕೊಂಡಿದ್ದಳು. ಅಜ್ಜಿ ಮೂಗಿಗೆ ಸೆರಗು ಹಿಡಿದು ಬಾಗಿಲಲ್ಲಿ ಕೂರುತ್ತಿದ್ದರು. ಎದ್ದು ಮಾತ್ರ ಹೋಗುತ್ತಿರಲಿಲ್ಲ.

"ನಿನ್ ಶಿವ ಕೊರಿಯಾಕ್ಕೆ ಹೋದ್ರೆ ಏನ್ ತಿಂತಾನಜ್ಜಿ?"

"ನಿನ್ನಂಥೋಳ ಕೈಗೆ ಸಿಕ್ರೆ ಉಪವಾಸ ಇರ್ತಾನೆ. ಮುಚ್ಚೇ ಬಾಯಿ."

ಮಧುವನ್ನು ತೋಟದ ಮಗ್ಗುಲಲ್ಲಿ ಮಣ್ಣು ಮಾಡಿದರು. ಕೂಸು ಶಿವನಲ್ಲಿ ಐಕ್ಯವಾಯಿತು, ಅಳಬೇಡಿ ಎಂದರು ಮಠದ ಅಯ್ಯನವರು. ಆದರೆ ದಿನವೂ ಹೊತ್ತು ಇಳಿಯುವಾಗ, ಬೀಗ ಹಾಕಿದ ಕೊಟ್ಟಿಗೆಯಿಂದ ಒಣಮೆಣಸಿನಕಾಯಿಯ ಘಾಟು, ಹುಳಿಗೆ ಬಿಟ್ಟ ಕೋಸಿನ ವಾಸನೆ ಬರತೊಡಗಿತು. ಶಿವಗಂಗಮ್ಮನ ಹೊರತು ಯಾರಿಗೂ ಅದು ತಿಳಿಯಲಿಲ್ಲ. ಅವರು ಬೀಗ ತೆಗೆದು ತೋಫುವಿನ ನೀರು ಬದಲಿಸುವುದನ್ನೂ ಬಿಟ್ಟಿರಲಿಲ್ಲ.

"ಬಿಸಾಕವ್ವ ಅದ್ನ, ಕೊಳ್ತು ನಾರ್ತಿರ್ತೈತೆ" ಎಂದು ಬಂದ ಚನ್ನೇಶ್, ಬಟ್ಟಲಿಗೆ ಮೂಗೊಡ್ಡಿ ಹಿಂದೆ ಸರಿದ. ತೋಫು ಆಗಷ್ಟೇ ಕೊಯ್ದಂತೆ ಬೆಳ್ಳಗಿತ್ತು.

ಮಗು ಶಿವನ ಹತ್ತಿರ ಹೋಗಿಲ್ಲ, ಸಾರಿಗಾಗಿ ಕಾದು ಕೂತಿದೆ ಎಂದು ಮುದುಕಿಗೆ ಖಾತ್ರಿಯಾಯಿತು. ನಯನಾಳಿಗೆ ಫೋನು ಮಾಡಿಸಿದರು. ಅವಳು ಮಾಂಸದ ಪೊಟ್ಟಣ ಹಿಡಿದು ಅಂಜುತ್ತಲೇ ಬಂದಳು.

"ನೀವು ಮುಟ್ಬೇಡಿ ಅಜ್ಜಿ, ನಾನ್ ಮಾಡ್ತೀನಿ."

"ಅವ್ಳು ಕಾಯ್ತಿರೋದು ನಿನ್ ಕೈ ಅಡುಗೆಗಲ್ಲ. ಕೊಡಿಲ್ಲಿ." ಎದೆಯ ಮೇಲಿನ ಲಿಂಗವನ್ನು ಸೆರಗಿನೊಳಗೆ ಮುಚ್ಚಿಕೊಂಡು ಶಿವಗಂಗಮ್ಮ ಮಾಂಸಕ್ಕೆ ಕೈ ಹಾಕಿದರು.

ಒಲೆ ಉರಿಯಲಿಲ್ಲ. ಹತ್ತಿದ ಜ್ವಾಲೆ ಯಾರೋ ಉಫ್ ಎಂದು ಊದಿದಂತೆ ಆರಿತು. ಮತ್ತೆ ಹಚ್ಚಿದರೆ ಮತ್ತೆ ಆರಿತು.

"ಸಿಲಿಂಡರ್ ಖಾಲಿ ಇರ್ಬೇಕು" ಎಂದ ನಯನಾ ಅದನ್ನು ಅಲುಗಿಸಿ ನೋಡಿ ಬೆಪ್ಪಾದಳು. ಅದು ತುಂಬಿತ್ತು.

ಆಗ ಶಿವಗಂಗಮ್ಮನ ಕಣ್ಣು ಒಲೆಯ ಮೇಲೆ ಬಿತ್ತು. ಹುಟ್ಟಿದಾಗಿನಿಂದ ಬಂದ ರೂಢಿ. ಬೆಂಕಿ ಹಚ್ಚುವ ಮುನ್ನ ಬೆರಳು ತಾನಾಗಿ ಅದಕ್ಕೆ ವಿಭೂತಿ ಎಳೆದುಬಿಟ್ಟಿತ್ತು. ಅಲೆಯುವ ಜೀವ ಒಳಗೆ ಬಾರದಿರಲೆಂದು ಹೊಸ್ತಿಲಿಗೆ ಎಳೆಯುವುದೂ ಅದನ್ನೇ.

"ಅಯ್ಯೋ ನನ್ನವ್ವಾ, ನಾನೇ ನಿನ್ನ ತಡೆದ್ನಲ್ಲೇ!"

ಸೆರಗಿನಿಂದ ಒಲೆಯನ್ನು ಒರೆಸಿದರು. ಹೊಸ್ತಿಲನ್ನು ಒರೆಸಿದರು. ಕೊಂಚ ತಡೆದು ಹಣೆಯನ್ನೂ ಒರೆಸಿಕೊಂಡರು. ಒಲೆ ಭುಗ್ಗೆಂದಿತು.

ನೋಡಿ ನೋಡಿಯೇ ಕಲಿತ ಅಡುಗೆ. ಕೆಂಪು ಮೆಣಸಿನ ಗೊಜ್ಜಿನಲ್ಲಿ ಮಾಂಸ ಬಾಡಿತು, ಕೋಸು ಬಿತ್ತು, ನೀರು ಕುದಿಯಿತು. ಕಡೆಗೆ ತೋಫುವಿನಲ್ಲಿ ಅರ್ಧ ಕೊಯ್ದು ಒಡೆಯದಂತೆ ಇಳಿಸಿದರು. ಮಧುವಿನ ಸ್ಟೀಲ್ ಬಟ್ಟಲಿಗೆ ಬಡಿಸಿ, ಚಮಚ ಇಟ್ಟು, ಹಿರಿಯರಿಗೆ ಎಡೆ ಇಟ್ಟಾಗ ಮಾಡುವಂತೆ ಬಾಗಿಲು ಮುಂದಕ್ಕೆ ಎಳೆದುಕೊಂಡು ಇಬ್ಬರೂ ಹೊರಗೆ ಕೂತರು.

ಒಳಗೆ ಚಮಚ ಬಟ್ಟಲಿಗೆ ತಾಕಿದ ಸದ್ದಾಯಿತು. ಬಿಟ್ಟು ಬಿಟ್ಟು ಆಯಿತು.

ನಯನಾ ಮುದುಕಿಯ ತೋಳು ಹಿಡಿದಳು. "ಅಜ್ಜೀ, ಒಳಗ್ ಯಾರಿದಾರೆ?"

"ಮಾತಾಡ್ಬೇಡ. ಉಣ್ಣಲಿ."

ಸದ್ದು ನಿಂತ ಮೇಲೆ ಬಾಗಿಲು ತೆರೆದರು. ಸಾರು ಬಡಿಸಿದಷ್ಟೇ ಇತ್ತು, ಹಬೆ ಮಾತ್ರ ಇರಲಿಲ್ಲ. ನೀರಿನಲ್ಲಿ ಉಳಿದಿದ್ದ ತೋಫು ಹಳದಿಗಟ್ಟಿ ಕುಸಿದು, ಕೊಟ್ಟಿಗೆಯ ತುಂಬ ಹಳಸಿದ ಹುಳಿ ವಾಸನೆ ಹಬ್ಬಿತ್ತು. ನಯನಾ ಮೂಗು ಮುಚ್ಚಿಕೊಂಡಳು.

ಶಿವಗಂಗಮ್ಮ ಆ ನೀರನ್ನು ತೆಂಗಿನ ಬುಡಕ್ಕೆ ಚೆಲ್ಲಿದರು. ಈ ಸಲ ಹೊಸ ನೀರು ಹೊಯ್ಯಲಿಲ್ಲ. ಸಾಬೂನು ಹಚ್ಚಿ ಕೈ ತೊಳೆದು, ಬರಿಯ ಹಣೆಯಲ್ಲೇ ಲಿಂಗವನ್ನು ಅಂಗೈಗೆ ತೆಗೆದುಕೊಂಡರು.

"ಶಿವನೇ, ಮಗು ಉಂಡು ಬತ್ತಾ ಐತೆ. ಕೈಯಲ್ಲಿ ಖಾರದ ವಾಸನೆ ಇದ್ರೆ ಬೈಬೇಡಪ್ಪಾ. ಮಗ್ಗುಲಲ್ಲಿ ಮಲಗಿಸ್ಕೋ. ತಣ್ಣಗೆ ನಿದ್ದೆ ಮಾಡ್ಲಿ."