ಬೇಕೆಂದೇ ತಪ್ಪಿದ ಪರೀಕ್ಷೆ

ಡಾಕ್ಟರ್ ಬೆಂಟೆ ಕನ್ನಡಕವನ್ನು ಹಣೆಗೇರಿಸಿ, ಕಂಪ್ಯೂಟರಿನ ಪರದೆಯನ್ನು ಟ್ರೋಲ್ಸ್‌ನ ಕಡೆಗೆ ಒಂದಿಷ್ಟು ತಿರುಗಿಸಿದಳು.

“ಪಾಸು ಕಣೋ. ಜುಲೈನಲ್ಲಿ ಎಷ್ಟು ಬಂದಿತ್ತೋ ಈಗಲೂ ಅಷ್ಟೇ. ಶನಿವಾರ ಆಡಬಹುದು.”

ಟ್ರೋಲ್ಸ್ ಕುರ್ಚಿಯಿಂದ ಏಳಲಿಲ್ಲ.

“ಅಷ್ಟೇನಾ?”

“ಇನ್ನೇನು ಬೇಕಿತ್ತು, ಹೂವಿನ ಗುಚ್ಛನಾ? ಹೋಗು, ಆಚೆ ಆಸ್ಗರ್ ಕಾಯ್ತಿದ್ದಾನೆ. ಅವನನ್ನ ಕಳಿಸು.”

ಹಿಂದಿನ ಶನಿವಾರದ ಪಂದ್ಯದಲ್ಲಿ ಅವನ ತಲೆಗೂ ಆಸ್ಗರನ ತಲೆಗೂ ಡಿಕ್ಕಿಯಾಗಿತ್ತು. ಇಬ್ಬರೂ ವೆಸ್ಟರ್‌ಹಾವ್ನ್ ಫುಟ್‌ಬಾಲ್ ಕ್ಲಬ್ಬಿನ ಡಿಫೆಂಡರುಗಳು, ಗೋಲಿನ ಮುಂದೆ ಅಕ್ಕಪಕ್ಕ ನಿಲ್ಲುವವರು. ಮೇಲಿನಿಂದ ಬಂದ ಒಂದೇ ಚೆಂಡಿಗೆ ಇಬ್ಬರೂ ಹಾರಿದ್ದರು. ಅಂಥ ಹೊತ್ತಿನಲ್ಲಿ ಹಿರಿಯನಾದವನು “ನಂದು!” ಎಂದು ಕೂಗಬೇಕು, ಕಿರಿಯವನು ಸರಿದು ನಿಲ್ಲಬೇಕು. ಆಟ ಕಲಿತಾಗಿನಿಂದ ಕೂಗುತ್ತ ಬಂದ ಆ ಒಂದು ಮಾತು ಆವತ್ತು ಟ್ರೋಲ್ಸ್‌ನ ಬಾಯಿಗೆ ಬರಲಿಲ್ಲ. ಬುರುಡೆಗೆ ಬುರುಡೆ ತಾಗಿದ ಸದ್ದು ಸಾಸೇಜ್ ಮಾರುವ ಗಾಡಿಯವರೆಗೂ ಕೇಳಿಸಿತೆಂದು ಆಮೇಲೆ ಜನ ಆಡಿಕೊಂಡರು.

ಆದರೆ ಈಗ ಅವನು ಕುರ್ಚಿ ಬಿಟ್ಟು ಏಳದಿದ್ದದ್ದು ಅದಕ್ಕಲ್ಲ.

ಪ್ರತಿ ಜುಲೈಯಲ್ಲಿ, ಹೊಸ ಸೀಸನ್ನಿಗೆ ಮುಂಚೆ, ಎಲ್ಲ ಆಟಗಾರರಿಗೂ ಈ ಪರೀಕ್ಷೆ ನಡೆಯುತ್ತದೆ. ಡಾಕ್ಟರು ಒಂದಷ್ಟು ಪದ ಓದುತ್ತಾರೆ, ತಿರುಗಿ ಹೇಳಬೇಕು. ತಿಂಗಳುಗಳನ್ನು ಡಿಸೆಂಬರಿನಿಂದ ಹಿಂದಕ್ಕೆ ಒಪ್ಪಿಸಬೇಕು. ಕಣ್ಣು ಮುಚ್ಚಿಕೊಂಡು ಒಂಟಿ ಕಾಲಲ್ಲಿ ನಿಲ್ಲಬೇಕು. ಮುಂದೆ ಯಾವತ್ತಾದರೂ ತಲೆಗೆ ಪೆಟ್ಟಾದರೆ ಮತ್ತೆ ಅದೇ ಪರೀಕ್ಷೆ. ಜುಲೈಗಿಂತ ಕಡಿಮೆ ಬಂತೋ, ವಾರಗಟ್ಟಲೆ ಹೊರಗೆ ಕೂರಬೇಕು. ಹೊರಗೆ ಕೂತವನ ಜಾಗಕ್ಕೆ ಇನ್ನೊಬ್ಬ ಬರುತ್ತಾನೆ, ಬಂದವನು ಬಿಟ್ಟುಕೊಡುವುದಿಲ್ಲ. ಅದಕ್ಕೇ ಆಟಗಾರರು ಜುಲೈಯಲ್ಲೇ ಬೇಕೆಂದು ಕೆಟ್ಟದಾಗಿ ಮಾಡುತ್ತಾರೆ. ನೆನಪಿದ್ದ ಪದ ನುಂಗುತ್ತಾರೆ, ಆಗಸ್ಟನ್ನು ಹಾರಿಸುತ್ತಾರೆ, ನೆಟ್ಟಗೆ ನಿಲ್ಲಬಲ್ಲವರು ಓಲಾಡುತ್ತಾರೆ. ಟ್ರೋಲ್ಸ್ ಇದನ್ನು ಕೋಪನ್‌ಹೇಗನ್ನಿನಲ್ಲಿ ಆಡುತ್ತಿದ್ದಾಗ ಹಿರಿಯರಿಂದ ಕಲಿತಿದ್ದ. ಹಾಲೆಂಡಿಗೆ ಹೋದಾಗಲೂ ಮಾಡಿದ, ಡೆನ್ಮಾರ್ಕ್ ತಂಡದಲ್ಲಿ ಬದಲಿ ಆಟಗಾರನಾಗಿ ಎರಡು ಸಲ ಬೆಂಚಿನ ಮೇಲೆ ಕೂತು ಬಂದಾಗಲೂ ಮಾಡಿದ. ವಯಸ್ಸಾಗಿ ಹುಟ್ಟೂರಿನ ಈ ಬಂದರು ಕ್ಲಬ್ಬಿಗೆ ಮರಳಿದ ಮೇಲೆ ಕಿರಿಯರಿಗೆ ತಾನೇ ಕಲಿಸಿದ.

ಆಸ್ಗರನಿಗೂ ಅವನೇ ಹೇಳಿಕೊಟ್ಟಿದ್ದ. “ಜಾಸ್ತಿ ಜಾಣತನ ತೋರಿಸ್ಬೇಡ್ವೋ. ಅರ್ಧ ಹೇಳು, ಅರ್ಧ ಮರೆತ ಹಾಗೆ ತಲೆ ಕೆರ್ಕೋ. ನಿನ್ನ ಮುಖಕ್ಕೆ ಯಾರೂ ಅನುಮಾನ ಪಡಲ್ಲ ಬಿಡು.”

ಹೋದ ಜುಲೈಯಲ್ಲಿ ಟ್ರೋಲ್ಸ್ ಅರ್ಧದಷ್ಟು ಪದಗಳನ್ನು ಬೇಕೆಂದೇ ನುಂಗಿದ್ದ. ಇವತ್ತು, ಕಿವಿಯಲ್ಲಿನ ಗುಂಯ್‌ಗುಡುವಿಕೆ ಇನ್ನೂ ನಿಂತಿರಲಿಲ್ಲವಾದ್ದರಿಂದ, ಹೆದರಿ ಹಲ್ಲು ಕಚ್ಚಿ ಇದ್ದಬದ್ದ ಶಕ್ತಿಯೆಲ್ಲ ಹಾಕಿದ್ದ. ಒಂದನ್ನೂ ನುಂಗಿರಲಿಲ್ಲ. ಆದರೂ ಬಂದದ್ದು ಅಷ್ಟೇ. ಆಗ ದಡ್ಡನ ವೇಷ ಹಾಕಿದ್ದ. ಈಗ ವೇಷ ಕಳಚಿದರೆ ಒಳಗೆ ಅದೇ ದಡ್ಡ ಕೂತಿದ್ದ. ಅದು ಗೊತ್ತಿದ್ದವನು ಲೋಕದಲ್ಲಿ ಅವನೊಬ್ಬನೇ.

ಸಂಜೆ ಊಟವಾದ ಮೇಲೆ ಅಡುಗೆಮನೆಯ ಟೇಬಲ್ಲಿನ ಮೇಲೆ ಹೆಂಡತಿ ರಿಕ್ಕೆ ಮರುದಿನದ ಡಬ್ಬಿಗಳಿಗೆ ಕಪ್ಪು ರೈ ಬ್ರೆಡ್ಡು ಹೆಚ್ಚುತ್ತಿದ್ದಳು. ಮಗಳು ಆಸ್ಟಾ ಪಕ್ಕದಲ್ಲಿ ಸೌತೆಕಾಯಿ ಕದ್ದು ತಿನ್ನುತ್ತಿದ್ದಳು.

“ಹತ್ತು ಪದ ಹೇಳು,” ಎಂದ ಟ್ರೋಲ್ಸ್. “ಯಾವುದಾದ್ರೂ. ಒಂದಕ್ಕೊಂದು ಸಂಬಂಧ ಇರಬಾರದು.”

“ನಂಗೆ ಕೆಲಸ ಇದೆ ಮಾರಾಯ.”

“ಹೇಳು ರಿಕ್ಕೆ.”

ಅವನ ದನಿ ಕೇಳಿ ಅವಳು ಚಾಕು ಕೆಳಗಿಟ್ಟಳು. ಏಣಿ, ಉಪ್ಪು, ಕುದುರೆ, ದಿಂಬು, ಸುತ್ತಿಗೆ ಎಂದು ಬಾಯಿಗೆ ಬಂದದ್ದನ್ನು ಹೇಳುತ್ತ ಹೋದಳು. ಮುಗಿಸಿದ ಮೇಲೆ ಟ್ರೋಲ್ಸ್ ಶುರುಮಾಡಿದ. ಏಣಿ. ಉಪ್ಪು. ಆಮೇಲೆ ಕಿಟಕಿಯ ಕಡೆ ನೋಡಿದ. ಸುತ್ತಿಗೆ. ಮತ್ತೆ ಏಣಿ.

ಆಸ್ಟಾಗೆ ನಗು ಬಂತು. ಬೆರಳು ಮಡಿಸುತ್ತ ಹತ್ತನ್ನೂ ಒಂದೇ ಉಸಿರಿಗೆ ಒಪ್ಪಿಸಿ, “ಅಪ್ಪ, ಸುಮ್ನೆ ನಾಟಕ ಮಾಡ್ಬೇಡ. ನೀನು ಬೇಕಂತಲೇ ಮಾಡ್ತಿದ್ದೀಯ,” ಎಂದಳು.

“ಇಲ್ಲ ಪುಟ್ಟ. ಇವತ್ತು ಬೇಕಂತ ಮಾಡ್ತಿಲ್ಲ.”

ರಿಕ್ಕೆ ಮಗಳನ್ನು ಮಹಡಿಗೆ ಕಳಿಸಿದಳು. ಗಂಡ ಹೇಳಿದ್ದನ್ನೆಲ್ಲ ನಡುವೆ ಬಾಯಿ ಹಾಕದೆ ಕೇಳಿದಳು. ಕೇಳಿ ಮುಗಿದ ಮೇಲೆ ಮತ್ತೆ ಚಾಕು ತೆಗೆದುಕೊಂಡು, ಆಗಲೇ ಹೆಚ್ಚಿಟ್ಟಿದ್ದ ಬ್ರೆಡ್ಡನ್ನು ಇನ್ನೂ ಸಣ್ಣಗೆ ಹೆಚ್ಚತೊಡಗಿದಳು.

“ಚಳಿಗಾಲದಿಂದ ನೋಡ್ತಿದ್ದೀನಿ. ಹೇಳಿದ ಕತೆಯನ್ನೇ ಹೇಳ್ತೀಯ. ನಾನೂ ಹೊಸದಾಗಿ ಕೇಳಿದ ಹಾಗೆ ನಗ್ತೀನಿ.”

“ಹೇಳಬಾರದಿತ್ತಾ?”

“ನೀನು ಹೇಳಬಾರದಿತ್ತಾ?” ಅವಳು ಮುಂಗೈಯಿಂದ ಮೂಗು ಒರೆಸಿಕೊಂಡಳು. “ಆ ಹುಡುಗ ಆಸ್ಗರ್? ಅವನಿಗೂ ಕಲಿಸಿದ್ದೀಯಲ್ವಾ?”

ಆಸ್ಗರನೂ ಆ ದಿನವೇ ಪಾಸಾಗಿದ್ದ, “ಥೇಟ್ ಜುಲೈ ಥರಾನೇ” ಎಂದು ಖುಷಿಯಲ್ಲಿ ಟ್ರೋಲ್ಸ್‌ನ ಬೆನ್ನಿಗೆ ಗುದ್ದಿ ಹೋಗಿದ್ದ.

ಮರುದಿನ ಬೆಳಿಗ್ಗೆ ಅಭ್ಯಾಸಕ್ಕೆ ಮುಂಚೆ ಟ್ರೋಲ್ಸ್ ಡಾಕ್ಟರ ಕೋಣೆಗೆ ಹೋಗಿ, ನಿಂತೇ ಎಲ್ಲ ಹೇಳಿಬಿಟ್ಟ. ಬೆಂಟೆಯ ಕಾಫಿ ಆರಿ ತಣ್ಣಗಾಯಿತು.

“ನಿಂಗೆ ಗೊತ್ತೇ ಇರಲಿಲ್ವಾ ಬೆಂಟೆ?”

“ಅನುಮಾನ ಇತ್ತು,” ಎಂದಳು. “ಗಂಡಸರು ಇಷ್ಟೊಂದು ದಡ್ಡರಿರೋಕೆ ಸಾಧ್ಯ ಇಲ್ಲ ಅಂತ. ಆದ್ರೆ ಕೇಳಿದ್ರೆ ನನ್ನ ಹತ್ರ ಏನೂ ಉಳಿಯಲ್ಲ ನೋಡು, ಜುಲೈ ಅಂಕ ಅನ್ನೋ ಅಳತೆಗೋಲೇ ಸುಳ್ಳಾಗತ್ತೆ.” ಪರದೆಯನ್ನು ತನ್ನ ಕಡೆಗೆ ತಿರುಗಿಸಿಕೊಂಡು, “ನಿಂದು ಮುಗೀತು ಟ್ರೋಲ್ಸ್. ಶನಿವಾರ ಅಂತಲ್ಲ. ಆಟಾನೇ ಮುಗೀತು,” ಎಂದಳು.

ಅವನು ತಲೆಯಾಡಿಸಿದ. ಬದುಕಿಡೀ ಹೆದರಿದ್ದ ಮಾತು ಅದು. ಕೇಳಿದಾಗ ಹಲ್ಲು ಕಿತ್ತ ಜಾಗದ ಹಾಗೆ ಮನಸ್ಸಿಗೆ ಜೋಮು ಹಿಡಿದಿತ್ತು, ಅಷ್ಟೇ.

“ಆಸ್ಗರ್?”

ಬೆಂಟೆ ಎದ್ದಳು. ಕೋಚ್ ಫ್ಲೆಮಿಂಗನನ್ನು ಕರೆದುಕೊಂಡು ನೇರ ಡ್ರೆಸ್ಸಿಂಗ್ ರೂಮಿಗೆ ನಡೆದಳು. ಬೂಟು ಹಾಕಿಕೊಳ್ಳುತ್ತಿದ್ದವರ ಮುಂದೆ ನಿಂತು ಕೇಳಿದಳು: “ಜುಲೈ ಪರೀಕ್ಷೆನ ಬೇಕಂತಲೇ ಕೆಡಿಸಿದವರು ಕೈ ಎತ್ತಿ. ಶಿಕ್ಷೆ ಇಲ್ಲ.”

ಒಂದು ಕೈಯೂ ಏಳಲಿಲ್ಲ. ಶನಿವಾರ ಸೀಸನ್ನಿನ ಕೊನೆಯ ಪಂದ್ಯ, ಸೋತರೆ ಕ್ಲಬ್ಬು ಕೆಳಗಿನ ದರ್ಜೆಗೆ ಬೀಳುತ್ತದೆ. ಎಲ್ಲರೂ ತಮ್ಮ ತಮ್ಮ ಬೂಟಿನ ದಾರ ನೋಡುತ್ತಿದ್ದರು.

“ಆಸ್ಗರ್?” ಎಂದಳು ಬೆಂಟೆ.

ಆಸ್ಗರ್ ತಲೆಯೆತ್ತಿ ನಕ್ಕ. “ನಾನು ಹುಟ್ಟು ದಡ್ಡ ಬೆಂಟೆ. ಜುಲೈಗೊಂದು ಥರ, ಈ ಮೇ ತಿಂಗಳಿಗೊಂದು ಥರ ಅಂತಿಲ್ಲ. ನಮ್ಮಮ್ಮನ್ನ ಬೇಕಾದ್ರೆ ಕೇಳು.”

ರೂಮು ಗೊಳ್ಳೆಂದಿತು. ಫ್ಲೆಮಿಂಗ್ ಡಾಕ್ಟರ ಕಡೆ ಕೈ ಚೆಲ್ಲಿದ. “ಒಬ್ಬನ ಮಾತು ಕೇಳ್ಕೊಂಡು ಇಡೀ ತಂಡಾನ ಕೂರಿಸೋಕಾಗತ್ತಾ? ಅಂಕ ಸರಿಯಾಗಿದೆ ತಾನೇ?”

ಅಂಕ ಸರಿಯಾಗಿಯೇ ಇತ್ತು. ತಡೆಯಲು ಬೇರೆ ಆಧಾರವಿಲ್ಲದೆ ಬೆಂಟೆ ಬಾಗಿಲು ಎಳೆದುಕೊಂಡು ಹೋದಳು.

ಹೊರಗೆ ಸೈಕಲ್ ನಿಲ್ಲಿಸುವ ಕಡೆ ಆಸ್ಗರ್ ಟ್ರೋಲ್ಸ್‌ನನ್ನು ಅಡ್ಡಗಟ್ಟಿದ. ಈಗ ಅವನ ಮುಖದಲ್ಲಿ ನಗುವಿರಲಿಲ್ಲ.

“ಮುದಿಯಾ, ನೀನು ಊಟ ಮಾಡಿ ಎದ್ದಿದ್ದೀಯ. ನನ್ನ ತಟ್ಟೆ ಯಾಕೆ ಎಳೀತೀಯ?”

“ತಲೆನೋವು ಇದೆ ತಾನೇ ನಿಂಗೆ?”

“ಶನಿವಾರ ಜರ್ಮನಿಯ ಕ್ಲಬ್ಬಿನವರು ನನ್ನ ನೋಡೋಕೆ ಬರ್ತಿದ್ದಾರೆ. ನೋವಂತೆ!”

“ನಿಜವಾಗಿ ಎಷ್ಟು ಪದ ನೆನಪಾಯ್ತು, ಅಷ್ಟು ಹೇಳು ಸಾಕು.”

ಆಸ್ಗರ್ ಸೈಕಲ್ ಬೀಗದ ಜೊತೆ ಗುದ್ದಾಡಿದ. “ನೀನು ಹೇಳಿಕೊಟ್ಟಷ್ಟು,” ಎಂದವನು ತಿರುಗಿ ನೋಡದೆ ಹೋದ.

ಶನಿವಾರ ಪಶ್ಚಿಮ ಸಮುದ್ರದ ಗಾಳಿ ಮೀನಿನ ಕಾರ್ಖಾನೆಯ ವಾಸನೆಯನ್ನು ಹೊತ್ತು ತಂದು ಮೈದಾನಕ್ಕೆ ಸುರಿಯುತ್ತಿತ್ತು. ಟ್ರೋಲ್ಸ್ ಕೋಟು ಹಾಕಿಕೊಂಡು ಜನರ ನಡುವೆ ನಿಂತಿದ್ದ. ವಿಷಯ ಊರಿಗೆಲ್ಲ ಗೊತ್ತಾಗಿತ್ತು. ಯಾರೂ ಬೈಯಲಿಲ್ಲ. ಅಲ್ಲಿಯ ಜನಕ್ಕೆ ಬೈಯುವ ಅಭ್ಯಾಸವಿಲ್ಲ, ಬದಲಿಗೆ ಅವನ ಎರಡೂ ಪಕ್ಕದಲ್ಲಿ ಒಬ್ಬೊಬ್ಬರು ನಿಲ್ಲುವಷ್ಟು ಜಾಗ ಬಿಟ್ಟಿದ್ದರು. ಗಾಳಿಗೆ ಚೆಂಡು ಮೇಲೇರಿ ಓಲಾಡಿ ಇಳಿಯುವಾಗೆಲ್ಲ ಆಸ್ಗರ್ ಅದರ ಕೆಳಗೆ ಇರುತ್ತಿದ್ದ. ಹಾರುವುದು, ಹಣೆ ಕೊಡುವುದು, ಮತ್ತೆ ಹಾರುವುದು. ಪ್ರತಿ ಸಲವೂ ಜನ ಹೋ ಎಂದರೆ ಟ್ರೋಲ್ಸ್ ಕಣ್ಣು ಮುಚ್ಚಿಕೊಳ್ಳುತ್ತಿದ್ದ. ಸಮ ಸಮ ಗೋಲಿನಲ್ಲಿ ಪಂದ್ಯ ಮುಗಿಯಿತು. ಅಷ್ಟು ಸಾಕಿತ್ತು, ಕ್ಲಬ್ಬು ಬೀಳಲಿಲ್ಲ. ಮುದುಕರೆಲ್ಲ ಬಿಯರ್ ಲೋಟ ಎತ್ತಿಕೊಂಡು ಮೈದಾನಕ್ಕಿಳಿದರು.

ಟ್ರೋಲ್ಸ್ ಡ್ರೆಸ್ಸಿಂಗ್ ರೂಮಿಗೆ ಹೋದಾಗ ಹಾಡು ಜೋರಾಗಿತ್ತು. ಆಸ್ಗರ್ ಮಾತ್ರ ಕಾಣಲಿಲ್ಲ.

“ಜರ್ಮನಿಯವರ ಜೊತೆ ಇರ್ತಾನೆ, ಬಿಡು,” ಎಂದ ಫ್ಲೆಮಿಂಗ್.

ಓಣಿಯ ಆಚೆ ತುದಿಯಿಂದ, ಎದುರು ತಂಡದ ರೂಮಿನಿಂದ, ನಗು ಕೇಳಿಸಿತು. ಟ್ರೋಲ್ಸ್ ಬಾಗಿಲು ತಳ್ಳಿದ. ಹಳದಿ ಅಂಗಿಯವರ ನಡುವೆ ಆಸ್ಗರ್ ತನ್ನ ನೀಲಿ ಅಂಗಿಯಲ್ಲಿ ಬೆಂಚಿನ ಮೇಲೆ ಕೂತು, ನಿಧಾನಕ್ಕೆ ಕಾಲುಚೀಲ ಬಿಚ್ಚುತ್ತಿದ್ದ. ತಮಾಷೆಗೆ ಬಂದು ಕೂತಿದ್ದಾನೆಂದುಕೊಂಡು ಅವರು ಅವನ ತಲೆಯ ಮೇಲೆ ನೀರು ಚಿಮುಕಿಸುತ್ತಿದ್ದರು. ಆಸ್ಗರ್ ನೀರನ್ನು ಒರೆಸಿಕೊಳ್ಳಲೂ ಇಲ್ಲ.

“ನನ್ನ ಬ್ಯಾಗ್ ಯಾರೋ ಎತ್ತಿಟ್ಟಿದ್ದಾರೆ,” ಎಂದ ಟ್ರೋಲ್ಸ್‌ನನ್ನು ನೋಡಿ. “ಹೊಸಬ್ರು ತುಂಬ ಜನ ಬಂದಿದ್ದಾರಲ್ಲ, ಯಾರು ಇವರೆಲ್ಲ?”

ನಗು ಒಂದೊಂದಾಗಿ ನಿಂತಿತು.

ಬೆಂಟೆ ಜನರ ಗದ್ದಲದಲ್ಲಿ ಎಲ್ಲೋ ಸಿಕ್ಕಿಹಾಕಿಕೊಂಡಿದ್ದಳು, ಫೋನು ಎತ್ತಲಿಲ್ಲ. ಟ್ರೋಲ್ಸ್ ಆಸ್ಗರನ ಹೆಗಲಿಗೆ ತನ್ನ ಕೋಟು ಹೊದಿಸಿ, ಹಿಂಬಾಗಿಲಿಂದ ಕರೆತಂದು ಕಾರಿನಲ್ಲಿ ಕೂರಿಸಿದ. ಪಕ್ಕದ ಪಟ್ಟಣದ ಆಸ್ಪತ್ರೆಯ ದಾರಿಯಲ್ಲಿ ಆಸ್ಗರನಿಗೆ ಒಂದೊಂದೇ ತಿಳಿಯಾಗತೊಡಗಿತು. ತುರ್ತು ವಿಭಾಗದ ಫಲಕ ಕಂಡಾಗ ಪೂರ್ತಿ ತಿಳಿಯಿತು.

“ವಾಪಸ್ ತಿರುಗ್ಸು.”

“ಇಳಿ ಆಸ್ಗರ್.”

“ಒಳಗೆ ಹೋಗಿ ಏನಂತ ಹೇಳ್ಲಿ?”

“ಇದ್ದದ್ದು ಹೇಳು. ಜುಲೈನಿಂದ ಹೇಳು.”

“ಹೇಳಿದ್ರೆ ಜರ್ಮನಿ ಹೋಯ್ತು.”

ಟ್ರೋಲ್ಸ್ ಸುಳ್ಳು ಸಮಾಧಾನ ಹುಡುಕಿದ. ಸಿಗಲಿಲ್ಲ. “ಹೌದು,” ಎಂದ. “ಹೋಯ್ತು.”

ಆಸ್ಗರ್ ಸೀಟ್ ಬೆಲ್ಟನ್ನು ಎರಡೂ ಕೈಯಲ್ಲಿ ಹಿಡಿದುಕೊಂಡು ಎಳೆಮಗುವಿನ ಹಾಗೆ ಅಳತೊಡಗಿದ. ಬಾಯಿಗೆ ಬಂದ ಹಾಗೆ ಬೈದ. ಟ್ರೋಲ್ಸ್ ಇಂಜಿನ್ ಆರಿಸಿ ಇಳಿದ. ಸುತ್ತಿ ಬಂದು ಅವನ ಕಡೆಯ ಬಾಗಿಲು ತೆರೆದ. ಗಾಳಿ ಬಾಗಿಲನ್ನು ಕಿತ್ತುಕೊಳ್ಳುವ ಹಾಗೆ ಎಳೆಯುತ್ತಿತ್ತು. ಅವನು ಅದನ್ನು ತೊಡೆಯಿಂದ ಒತ್ತಿ ಹಿಡಿದು, ಬೈಗುಳ ಕೇಳುತ್ತ, ಆ ಹುಡುಗ ಬೆಲ್ಟು ಬಿಡುವುದನ್ನೇ ಕಾಯುತ್ತ ನಿಂತ.